ಸಮೋಸದ ಪಟ್ಟಿ: ಬಗ್ದಾದಿನಿಂದ ನವಲಗುಂದದವರೆಗೆ

ರಮಜಾನ್ ತಿಂಗಳಲ್ಲಿ ಅಸರ್ ನಮಾಜು ಮುಗಿದ ಮೇಲೆ ಮಗ್ರಿಬ್‌ವರೆಗಿನ ಹೊತ್ತು ಬಹಳ ನಿಧಾನವಾಗಿ ಸರಿಯುತ್ತದೆ. ಆ ಹೊತ್ತಿನಲ್ಲಿ ನವಲಗುಂದದ ಪೇಟೆಯಲ್ಲಿ ಒಮ್ಮೆ ತಿರುಗಾಡಿ ಬಂದರೆ ಸಾಕು, ಊರಿನ ಅರ್ಧ ಚರಿತ್ರೆ ಕಣ್ಣಿಗೆ ಬೀಳುತ್ತದೆ. ಖರ್ಜೂರದ ಗಾಡಿಗಳು, ಕಲ್ಲಂಗಡಿ ಹೆಚ್ಚಿಟ್ಟ ತಟ್ಟೆಗಳು, ಮಿರ್ಚಿ ಭಜಿಯ ಬಾಣಲಿಗಳು. ಕಿರಾಣಿ ಅಂಗಡಿಯ ಮೂಲೆಯಲ್ಲಿ ಐಸ್‌ಕ್ರೀಮ್ ಇಡುವ ತಣ್ಣನೆಯ ಪೆಟ್ಟಿಗೆ ಇರುತ್ತದೆ. ಅದರ ಗಾಜಿನ ಮುಚ್ಚಳ ಸರಿಸಿದರೆ ಬಟಾಣಿಯ ಪೊಟ್ಟಣಗಳ ಕೆಳಗೆ ಉದ್ದುದ್ದ ಪಟ್ಟಿಗಳಾಗಿ ಕತ್ತರಿಸಿ ಜೋಡಿಸಿದ ಹಿಟ್ಟಿನ ಹಾಳೆಗಳು ಸಿಗುತ್ತವೆ. ಸಮೋಸ ಪಟ್ಟಿ. ಹಣ ಕೊಟ್ಟು ಪೊಟ್ಟಣ ಒಯ್ದರೆ ಮನೆಯಲ್ಲಿ ಹೂರಣ ತುಂಬಿ, ಮಡಚಿ, ಕರಿದರೆ ಆಯಿತು. ಇಫ್ತಾರಿನ ದಸ್ತರ್‌ಖಾನ್ ಮೇಲೆ ಸಮೋಸ ಸಿದ್ಧ.

ಹೀಗೆ ಸಿದ್ಧಪಟ್ಟಿ ತಂದು ಸಮೋಸ ಮಾಡುವವರನ್ನು ನೋಡಿ ನಮ್ಮ ಹಿರಿಯ ಹೆಂಗಸರು ಇಂದಿಗೂ ಮೂಗು ಮುರಿಯುತ್ತಾರೆ. "ಈಗಿನ ಹುಡುಗೇರಿಗೆ ಲಟ್ಟಣಗಿ ಹಿಡಿಯಾಕ ಬರೂದಿಲ್ಲ. ಎಲ್ಲಾ ರೆಡಿಮೇಡ್" ಎಂಬ ಮಾತು ಪ್ರತಿ ರಮಜಾನಿನಲ್ಲೂ ಒಮ್ಮೆ ಕೇಳಿಬರುತ್ತದೆ. ನಾವೂ ಬಹಳ ದಿನ ಹಾಗೆಯೇ ತಿಳಿದಿದ್ದೆವು. ಸಿದ್ಧಪಟ್ಟಿ ಎಂಬುದು ಕಾರ್ಖಾನೆ ಮತ್ತು ಫ್ರಿಜ್ಜು ಬಂದ ಮೇಲಿನ ಸೋಮಾರಿತನ, ಅದಕ್ಕೆ ಮೊದಲು ಎಲ್ಲವೂ ಮನೆಯಲ್ಲೇ ಆಗುತ್ತಿತ್ತು ಎಂದು. ಆದರೆ ಸಮೋಸದ ಚರಿತ್ರೆಯನ್ನು ಹಿಂದಕ್ಕೆ ಓದುತ್ತ ಹೋದ ಹಾಗೆ ಈ ತಿಳಿವಳಿಕೆ ಸಡಿಲವಾಯಿತು. ಹಳೆಯ ಪುಸ್ತಕಗಳಲ್ಲಿ ಸಮೋಸ ಮಾಡುವ ಕ್ರಮ ಶುರುವಾಗುವುದೇ ಯಾರೋ ಮೊದಲೇ ಮಾಡಿಟ್ಟ ತೆಳ್ಳನೆಯ ರೊಟ್ಟಿಯಿಂದ. ಆ ರೊಟ್ಟಿ ಮಾಡಿದವರು ಯಾರು ಎಂಬುದನ್ನು ಮಾತ್ರ ಯಾವ ಪುಸ್ತಕವೂ ಹೇಳುವುದಿಲ್ಲ.

ಸಮೋಸದ ಹೆಸರು ಪಾರ್ಸಿಯ 'ಸಂಬೋಸಗ್'ದಿಂದ ಬಂದದ್ದು. ಅದು ಅರಬ್ಬರ ಬಾಯಲ್ಲಿ 'ಸಂಬೂಸಜ್', 'ಸಂಬೂಸಕ್' ಆಯಿತು. ಹಿಂದೂಸ್ತಾನಕ್ಕೆ ಬಂದು 'ಸಂಬೂಸ', ಕೊನೆಗೆ 'ಸಮೋಸ' ಆಯಿತು. ಒಂಬತ್ತನೆಯ ಶತಮಾನದಲ್ಲಿ ಬಗ್ದಾದಿನ ಅಬ್ಬಾಸಿ ಖಲೀಫರ ಆಸ್ಥಾನದಲ್ಲಿದ್ದ ಪ್ರಸಿದ್ಧ ಸಂಗೀತಗಾರ ಇಸ್‌ಹಾಕ್ ಅಲ್ ಮೌಸಿಲಿ ಈ ತಿನಿಸನ್ನು ಹೊಗಳಿ ಕವಿತೆಯನ್ನೇ ಬರೆದಿದ್ದಾನೆ. ನೂರು ವರ್ಷಗಳ ನಂತರ ಖಲೀಫ ಅಲ್ ಮುಸ್ತಕ್ಫಿಯ ಕೂಟದಲ್ಲಿ ಆ ಕವಿತೆಯನ್ನು ಓದಿದ ಸಂಗತಿಯನ್ನು ಇತಿಹಾಸಕಾರ ಮಸೂದಿ ದಾಖಲಿಸಿದ್ದಾನೆ. ಹಾಡುಗಾರನೊಬ್ಬ ತಿನಿಸಿನ ಮೇಲೆ ಕವಿತೆ ಕಟ್ಟಿದ, ಇತಿಹಾಸಕಾರ ಅದನ್ನು ಕಾಪಾಡಿದ. ಗಿರಮಿಟ್ಟಿನ ಮೇಲೆ ನಮ್ಮಲ್ಲಿ ಯಾರೂ ಕವಿತೆ ಬರೆದು ಮುಂದಿನವರಿಗೆ ಬಿಟ್ಟಂತಿಲ್ಲ!

ನಮಗೆ ಬೇಕಾದ ದಾಖಲೆ ಇರುವುದು 1226ರಲ್ಲಿ. ಆ ವರ್ಷ ಮುಹಮ್ಮದ್ ಬಿನ್ ಹಸನ್ ಅಲ್ ಬಗ್ದಾದಿ ಎಂಬಾತ 'ಕಿತಾಬುಲ್ ತಬೀಖ್' ಎಂಬ ಅಡುಗೆ ಪುಸ್ತಕ ಬರೆದ. ಅದರಲ್ಲಿ ಸಂಬೂಸಜ್ ಮಾಡುವ ಕ್ರಮ ಹೀಗಿದೆ: ಮಸಾಲೆ ಹಾಕಿ ಬೇಯಿಸಿದ ಮಾಂಸವನ್ನು ತೆಗೆದುಕೊಳ್ಳಬೇಕು, ತೆಳ್ಳನೆಯ ರೊಟ್ಟಿಯನ್ನು ಉದ್ದುದ್ದ ಪಟ್ಟಿಗಳಾಗಿ ಕತ್ತರಿಸಬೇಕು, ಹೂರಣ ಇಟ್ಟು ಮೂರು ಮೂಲೆಯಾಗಿ ಮಡಚಬೇಕು, ತುಸು ಹಿಟ್ಟಿನಿಂದ ಅಂಚು ಅಂಟಿಸಿ ಎಳ್ಳೆಣ್ಣೆಯಲ್ಲಿ ಕರಿಯಬೇಕು. ಇದನ್ನು ಓದಿದಾಗ ನಾವು ಪುಸ್ತಕ ಕೆಳಗಿಟ್ಟು ಸ್ವಲ್ಪ ಹೊತ್ತು ಸುಮ್ಮನೆ ಕುಳಿತೆವು. ಎಳ್ಳೆಣ್ಣೆಯೊಂದನ್ನು ಬಿಟ್ಟರೆ ನಮ್ಮ ಅಡುಗೆಮನೆಯಲ್ಲಿ ಆಗುತ್ತಿದ್ದುದೂ ಅದೇ. ಪಟ್ಟಿ ಅದೇ, ಮೂರು ಮೂಲೆ ಅದೇ, ಮೈದಾ ಕಲಸಿದ 'ಲೇಯಿ'ಯೂ ಅದೇ. 800 ವರ್ಷಗಳಲ್ಲಿ ಕೈಯ ಚಲನೆ ಬದಲಾಗಿಲ್ಲ. ಅದೇ ಪುಸ್ತಕದಲ್ಲಿ ಮಾಂಸದ ಬದಲು ಹಲ್ವ ತುಂಬುವ, ಸಕ್ಕರೆ ಬಾದಾಮಿ ತುಂಬುವ ಸಿಹಿ ಸಂಬೂಸಜ್‌ಗಳೂ ಇವೆ.

ಈ ಪುಸ್ತಕ ಬರೆದ 32 ವರ್ಷಗಳಿಗೆ, 1258ರಲ್ಲಿ, ಮಂಗೋಲರು ಬಗ್ದಾದನ್ನು ಸುಟ್ಟು ಹಾಳುಗೆಡವಿದರು. ಗ್ರಂಥಾಲಯಗಳು ನಾಶವಾದವು. ಅಡುಗೆ ಪುಸ್ತಕ ಉಳಿಯಿತು. 1934ರಲ್ಲಿ ಅದು ಮೋಸುಲ್ ನಗರದಲ್ಲಿ ಅಚ್ಚಾಗಿ ಹೊರಬಂತು. ಪುಸ್ತಕವಿರಲಿ ಇಲ್ಲದಿರಲಿ, ಸಮೋಸ ಮಾತ್ರ ಅಷ್ಟರಲ್ಲಿ ಎಷ್ಟೋ ದೇಶ ದಾಟಿ ನಮ್ಮ ಹಳ್ಳಿಗಳನ್ನೂ ಮುಟ್ಟಿತ್ತು.

ಹಿಂದೂಸ್ತಾನದಲ್ಲಿ ಸಮೋಸದ ಮೊದಲ ಸಾಕ್ಷಿಗಳಲ್ಲಿ ಅಮೀರ್ ಖುಸ್ರೋ ಇದ್ದಾನೆ. ದಿಲ್ಲಿಯ ಶ್ರೀಮಂತರು ಮಾಂಸ, ತುಪ್ಪ, ಈರುಳ್ಳಿ ಹಾಕಿದ ಸಮೋಸವನ್ನು ಇಷ್ಟಪಡುತ್ತಿದ್ದರೆಂದು ಸುಮಾರು 1300ರ ಹೊತ್ತಿಗೆ ಅವನು ಬರೆಯುತ್ತಾನೆ. ಅವನ ಹೆಸರಿನಲ್ಲಿ ಉಳಿದಿರುವ ಒಗಟೊಂದನ್ನು ಉರ್ದು ಶಾಲೆಯಲ್ಲಿ ಓದಿದವರೆಲ್ಲ ಬಲ್ಲರು. ಸಮೋಸ ಏಕೆ ತಿನ್ನಲಿಲ್ಲ, ಜೋಡು ಏಕೆ ಮೆಟ್ಟಲಿಲ್ಲ ಎಂಬ ಎರಡು ಪ್ರಶ್ನೆಗೆ ಒಂದೇ ಉತ್ತರ. 'ತಲಾ' ಎಂಬ ಶಬ್ದಕ್ಕೆ ಜೋಡಿನ ಅಟ್ಟೆ ಎಂದೂ ಕರಿದದ್ದು ಎಂದೂ ಎರಡು ಅರ್ಥವಿರುವುದೇ ಅದರ ಗುಟ್ಟು. ಮಾಸ್ತರರು ಈ ಒಗಟು ಹೇಳಿದಾಗ ನಾವೆಲ್ಲ ನಕ್ಕಿದ್ದೆವು. ಹೊಟ್ಟೆ ಹಸಿದಿದ್ದರಿಂದ ಸ್ವಲ್ಪ ಹೆಚ್ಚೇ ನಕ್ಕಿದ್ದಿರಬಹುದು.

1330ರ ದಶಕದಲ್ಲಿ ದಿಲ್ಲಿಗೆ ಬಂದ ಇಬ್ನ್ ಬತೂತ ಮುಹಮ್ಮದ್ ಬಿನ್ ತುಘಲಕನ ಔತಣದಲ್ಲಿ ಬಡಿಸಿದ ಸಮೋಸವನ್ನು ವರ್ಣಿಸುತ್ತಾನೆ. ಕೊಚ್ಚಿದ ಮಾಂಸಕ್ಕೆ ಬಾದಾಮಿ, ಅಕ್ರೋಟು, ಪಿಸ್ತಾ, ಈರುಳ್ಳಿ, ಮಸಾಲೆ ಸೇರಿಸಿ ತೆಳ್ಳನೆಯ ರೊಟ್ಟಿಯೊಳಗೆ ಇಟ್ಟು ತುಪ್ಪದಲ್ಲಿ ಕರಿದದ್ದು. ಒಬ್ಬೊಬ್ಬರ ಮುಂದೆ ನಾಲ್ಕೋ ಐದೋ. ಇಲ್ಲಿಯೂ ಮತ್ತೆ ತೆಳ್ಳನೆಯ ರೊಟ್ಟಿ. ಇದೇ ಪ್ರವಾಸಿ ಮುಂದೆ ನಮ್ಮ ಹೊನ್ನಾವರಕ್ಕೂ ಬಂದ. ಅಲ್ಲಿಯ ಸುಲ್ತಾನ ಜಮಾಲುದ್ದೀನನ ಮನೆಯ ಊಟವನ್ನೂ ಬಡಿಸುವ ಕ್ರಮದೊಂದಿಗೆ ವಿವರವಾಗಿ ಬರೆದ. ಆ ತಟ್ಟೆಯ ಮೇಲೆ ಅನ್ನ, ತುಪ್ಪ, ಉಪ್ಪಿನಕಾಯಿ, ಕೋಳಿ, ಮೀನು, ಕೊನೆಗೆ ಮೊಸರು ಇವೆ. ಸಮೋಸ ಇಲ್ಲ. ಮುಸಲ್ಮಾನನಾದ ಮಾತ್ರಕ್ಕೆ ಸಮೋಸ ತಿನ್ನುತ್ತಾನೆ ಎಂದೇನೂ ಇಲ್ಲ ಎಂಬುದಕ್ಕೆ ಇದು ಒಳ್ಳೆಯ ಸಾಕ್ಷಿ. ಊಟ ಧರ್ಮಕ್ಕಿಂತ ಮೊದಲು ನೆಲದ ಮಾತು ಕೇಳುತ್ತದೆ. ಭತ್ತ ಬೆಳೆಯುವ ಕರಾವಳಿಯಲ್ಲಿ ಅನ್ನ, ಗೋಧಿ ಬೆಳೆಯುವಲ್ಲಿ ರೊಟ್ಟಿ.

ಗೋಧಿಯ ಮಾತು ಬಂದರೆ ನಮ್ಮ ನೆಲದ ಹಕ್ಕನ್ನೂ ಹೇಳಬೇಕು. ಅಣ್ಣಿಗೇರಿ ಹಿಂದೆ ಬೆಳ್ವೊಲ ಮುನ್ನೂರರ ರಾಜಧಾನಿಯಾಗಿತ್ತು. ಬೆಳ್ವೊಲ ಎಂದರೆ ಬೆಳೆಯುವ ಹೊಲ. ಕಲ್ಯಾಣ ಚಾಲುಕ್ಯರ ಕಾಲದ ಅಮೃತೇಶ್ವರ ದೇವಾಲಯ ಇಂದಿಗೂ ಅಲ್ಲಿ ನಿಂತಿದೆ. ಅದೇ ಚಾಲುಕ್ಯ ವಂಶದ ಮೂರನೆಯ ಸೋಮೇಶ್ವರ ಹನ್ನೆರಡನೆಯ ಶತಮಾನದ ಮೊದಲ ಭಾಗದಲ್ಲಿ ಬರೆಸಿದ 'ಮಾನಸೋಲ್ಲಾಸ'ದಲ್ಲಿ 'ಮಂಡಕ' ಎಂಬ ರೊಟ್ಟಿಯ ವಿವರ ಇದೆ. ಗೋಧಿಯನ್ನು ತೊಳೆದು ಒಣಗಿಸಿ, ಬೀಸಿ, ಜರಡಿ ಹಿಡಿದು, ತುಪ್ಪ ಉಪ್ಪು ಸೇರಿಸಿ ನಾದಿ, ಕೈಯಲ್ಲೇ ತೆಳ್ಳಗೆ ಹರವಿ ಕಾದ ಮಡಕೆಯ ಬೆನ್ನ ಮೇಲೆ ಬೇಯಿಸುವುದು. ಬೆಳಗಾವಿ ಕಡೆಯ ಮಂಡಿಗೆಯನ್ನು ನೋಡಿದವರಿಗೆ ಇದು ಹೊಸದಲ್ಲ. ಬಗ್ದಾದಿಯು ತನ್ನ ಪುಸ್ತಕ ಬರೆಯುವುದಕ್ಕೆ ಸುಮಾರು ನೂರು ವರ್ಷ ಮೊದಲೇ ಕನ್ನಡ ನಾಡಿನಲ್ಲಿ ಹಾಳೆಯಂಥ ಗೋಧಿ ರೊಟ್ಟಿ ಮಾಡುವ ಕೈಗಳಿದ್ದವು. 1508ರ ಮಂಗರಸನ 'ಸೂಪಶಾಸ್ತ್ರ'ವಂತೂ ಹಿಟ್ಟಿನ ತಿನಿಸುಗಳಿಗೇ ಒಂದು ಅಧ್ಯಾಯ ಮೀಸಲಿಟ್ಟಿದೆ. ನಮ್ಮ ನೆರೆಮನೆಗಳಲ್ಲಿ ದೀಪಾವಳಿಗೆ ಮಾಡುವ ಕರ್ಚಿಕಾಯಿಯನ್ನು ನೆನೆಯಿರಿ. ಹಿಟ್ಟಿನ ಹಾಳೆ, ಒಳಗೆ ಸಿಹಿ ಹೂರಣ, ಅಂಚು ಒತ್ತಿ ಎಣ್ಣೆಯಲ್ಲಿ ಕರಿಯುವುದು. ಬಗ್ದಾದಿನ ಸಕ್ಕರೆ ಬಾದಾಮಿಯ ಸಂಬೂಸಜ್‌ಗೂ ನಮ್ಮ ಕರ್ಚಿಕಾಯಿಗೂ ಆಕಾರ ಬೇರೆ, ಬುದ್ಧಿ ಒಂದೇ. ಹೊರಗಿನಿಂದ ಬಂದ ಸಮೋಸಕ್ಕೆ ಈ ನೆಲದಲ್ಲಿ ಬೇಗ ಬೇರು ಸಿಕ್ಕಿದ್ದು ಅದನ್ನು ಅರ್ಥ ಮಾಡಿಕೊಳ್ಳುವ ಕೈಗಳು ಇಲ್ಲಿ ಮೊದಲೇ ಇದ್ದುದರಿಂದ.

ಕುಂದಗೋಳದ ಉದಾಹರಣೆ ಇಲ್ಲಿ ನೆನಪಾಗುತ್ತದೆ. ಕಿರಾನಾ ಎಂಬ ಊರು ಇರುವುದು ಉತ್ತರ ಪ್ರದೇಶದಲ್ಲಿ. ಆ ಮನೆತನದ ಉಸ್ತಾದ್ ಅಬ್ದುಲ್ ಕರೀಮ್ ಖಾನರ ಗಾಯನ ಕುಂದಗೋಳದ ಸವಾಯಿ ಗಂಧರ್ವರಿಗೆ ಬಂತು. ಅವರಿಂದ ಗಂಗೂಬಾಯಿ ಹಾನಗಲ್ಲರಿಗೆ, ಭೀಮಸೇನ ಜೋಶಿಯವರಿಗೆ ಬಂತು. ಇಂದು ಅದನ್ನು ಧಾರವಾಡದ ಸಂಗೀತ ಎಂದು ನಾವೆಲ್ಲ ಎದೆ ತಟ್ಟಿಕೊಂಡು ಹೇಳುತ್ತೇವೆ. ಹೇಳಬೇಕಾದದ್ದೇ. ಹಾಡು ನಮ್ಮದಾದ ದಾರಿಯಲ್ಲೇ ತಿನಿಸೂ ನಮ್ಮದಾಯಿತು.

ಸಮೋಸದ ಚರಿತ್ರೆಯಲ್ಲಿ ನಮಗೆ ಬಹಳ ಹಿಡಿಸಿದ ಪುಸ್ತಕ 'ನಿಅಮತ್‌ನಾಮ'. ಮಾಂಡುವಿನಲ್ಲಿ ಕುಳಿತು 1469ರಿಂದ 1500ರವರೆಗೆ ಮಾಳವವನ್ನು ಆಳಿದ ಸುಲ್ತಾನ ಘಿಯಾಸ್ ಶಾಹನಿಗಾಗಿ ಬರೆದದ್ದು. ಅವನ ಮಗನ ಕಾಲದಲ್ಲಿ ಪೂರ್ಣಗೊಂಡದ್ದು. ಅದರಲ್ಲಿ ಬಗೆಬಗೆಯ ಸಮೋಸಗಳಿವೆ. ಕೊಚ್ಚಿದ ಮಾಂಸಕ್ಕೆ ಬದನೆಕಾಯಿಯ ತಿರುಳು ಸೇರಿಸುವುದೂ ಇದೆ. ಅಲ್ಲಿ ಒಂದು ಕಡೆ ಬರೆದಿರುವುದರ ಸಾರ ಇಷ್ಟು: ತರಿ ಹಿಟ್ಟಿನ ತೆಳ್ಳನೆಯ ರೊಟ್ಟಿಯಿಂದಾಗಲಿ, ನಯ ಹಿಟ್ಟಿನ ರೊಟ್ಟಿಯಿಂದಾಗಲಿ, ಬೇಯಿಸದ ಹಸಿ ಕಣಕದಿಂದಾಗಲಿ, ಮೂರರಲ್ಲಿ ಯಾವುದರಿಂದ ಮಾಡಿದರೂ ಸಮೋಸ ರುಚಿಯಾಗುತ್ತದೆ. ಎಷ್ಟು ಉದಾರ ಮಾತು! ಇಂದು ಹುಬ್ಬಳ್ಳಿಯ ಹೊಟೇಲುಗಳಲ್ಲಿ ಸಿಗುವ, ದಪ್ಪ ಕಣಕದ ಬಟಾಟಿ ಸಮೋಸ ಆ ಮೂರನೆಯ ಜಾತಿಯದು. ರಮಜಾನಿನ ಪಟ್ಟಿ ಸಮೋಸ ಮೊದಲೆರಡರ ವಂಶ. ಇದು ಅಸಲಿ, ಅದು ನಕಲಿ ಎಂದು ಜಗಳವಾಡುವವರಿಗೆ 500 ವರ್ಷದ ಹಿಂದೆಯೇ ಉತ್ತರ ಸಿಕ್ಕಿದೆ. 1590ರ ದಶಕದ 'ಆಈನೆ ಅಕ್ಬರಿ'ಯಲ್ಲಿ ಅಬುಲ್ ಫಜಲ್, 'ಕುತಾಬ್' ಎಂಬ ತಿನಿಸನ್ನು ಹಿಂದ್‌ನ ಜನ ಸಂಬೂಸ ಎನ್ನುತ್ತಾರೆ, ಇದನ್ನು 20 ಬಗೆಯಾಗಿ ಮಾಡಬಹುದು ಎಂದು ಬರೆದು ಮುಗಿಸುತ್ತಾನೆ.

ನಿಅಮತ್‌ನಾಮದ ಚಿತ್ರಗಳಲ್ಲಿ ಸುಲ್ತಾನ ದೊಡ್ಡ ಮೀಸೆ ಹೊತ್ತು ನಡುವೆ ಕುಳಿತಿರುತ್ತಾನೆ. ಸುತ್ತಲೂ ಹೆಂಗಸರು ಒಲೆ ಉರಿಸುತ್ತ, ತಟ್ಟೆ ಹಿಡಿದು ನಿಂತಿರುತ್ತಾರೆ. ಪುಸ್ತಕಕ್ಕೆ ಸುಲ್ತಾನನ ಹೆಸರು ಬಂತು. ಆ ಹೆಂಗಸರಿಗೆ ಮುಖವಿದೆ, ಹೆಸರಿಲ್ಲ.

ನಮ್ಮ ಸೀಮೆಗೆ ಬರೋಣ. 1565ರ ತಾಳಿಕೋಟೆ ಯುದ್ಧದ ನಂತರ ವಿಜಯಪುರದ ಆದಿಲ್‌ಶಾಹಿಗಳ ಕೈ ಧಾರವಾಡದ ಕಡೆ ಚಾಚಿತು. ಆಡಳಿತದ ಜೊತೆಗೆ ದಖನಿ ಮಾತು, ದರ್ಗಾಗಳು, ಕಸಬುದಾರರು ಬಂದರು. ನವಲಗುಂದದ ಜಮಖಾನೆಯ ನೇಯ್ಗೆ ಆದಿಲ್‌ಶಾಹಿ ಕಾಲದಲ್ಲಿ ವಿಜಯಪುರದಿಂದ ಬಂದದ್ದೆಂದು ಅದನ್ನು ನೇಯುವ ಮನೆಗಳ ನಂಬಿಕೆ. ಆ ಮಗ್ಗದ ಮುಂದೆ ಕೂಡುವವರು ಮುಸ್ಲಿಂ ಹೆಂಗಸರು. ನವಿಲು, ಪಗಡೆ ಹಾಸಿನ ಚಿತ್ರಗಳನ್ನು ನೂಲಿನಲ್ಲಿ ತರುವ ಆ ಕೆಲಸಕ್ಕೆ ಈಗ ಭೌಗೋಳಿಕ ಗುರುತಿನ ಮನ್ನಣೆಯೂ ಇದೆ. ಅದೇ ಜಮಖಾನೆಯ ಮೇಲೆ ದಸ್ತರ್‌ಖಾನ್ ಹಾಸಿ, ಅದರ ಮೇಲೆ ಸಮೋಸದ ತಟ್ಟೆ ಇಡುತ್ತಾರೆ. ಕೆಳಗಿನದೂ ಮೇಲಿನದೂ ಹೆಂಗಸರ ಕೈಯ ಕೆಲಸವೇ. ಒಂದಕ್ಕೆ ಮನ್ನಣೆಯ ಪತ್ರ ಸಿಕ್ಕಿತು, ಇನ್ನೊಂದನ್ನು ತಿಂದು ಮುಗಿಸಿದೆವು.

ಹೂರಣ ಮಾತ್ರ ಕಾಲಕಾಲಕ್ಕೆ ಬದಲಾಯಿತು. ಬಾದಾಮಿ ಪಿಸ್ತಾ ನಮ್ಮ ಹಳ್ಳಿಯ ಮಾತಲ್ಲ. ಬಟಾಟಿ ಮತ್ತು ಮೆಣಸಿನಕಾಯಿ ಎರಡೂ ಅಮೆರಿಕ ಖಂಡದ ಬೆಳೆಗಳು. ಪೋರ್ತುಗೀಜರ ಹಡಗಿನಲ್ಲಿ ಈ ಕಡೆ ಬಂದವು. ಬಟಾಟಿ ಎಂಬ ನಮ್ಮ ಮಾತೇ ಪೋರ್ತುಗೀಜರ 'ಬಟಾಟ'. ಖುಸ್ರೋನ ಸಮೋಸಕ್ಕೂ ತುಘಲಕನ ಸಮೋಸಕ್ಕೂ ಹಸಿಮೆಣಸಿನಕಾಯಿಯ ಖಾರ ಗೊತ್ತಿರಲಿಲ್ಲ. ಇಂದು ನಮ್ಮಲ್ಲಿ ಹೂರಣ ಎಂದರೆ ಆಯಾ ಊರಿನ ಬೆಳೆ. ನವಲಗುಂದ, ಅಣ್ಣಿಗೇರಿಯ ಎರಿ ಹೊಲದಲ್ಲಿ ಉಳ್ಳಾಗಡ್ಡಿ ಧಾರಾಳ. ಕುಂದಗೋಳದ ಕಡೆ ಮೆಣಸಿನಕಾಯಿ. ಕಲಘಟಗಿ ಮಲೆನಾಡಿನ ಸೆರಗು, ಭತ್ತದ ಸೀಮೆ, ಅವಲಕ್ಕಿ ಅಲ್ಲಿಯದು. ಖೀಮಾ ತರಲು ಕೈ ಸಾಗದ ಮನೆಗಳಲ್ಲಿ ಉಳ್ಳಾಗಡ್ಡಿ ಸಮೋಸವೇ ಹಬ್ಬದ ಸಮೋಸ. ಉಳ್ಳಾಗಡ್ಡಿ ನೀರು ಬಿಟ್ಟು ಪಟ್ಟಿ ಹರಿಯದಂತೆ ಒಂದು ಹಿಡಿ ಅವಲಕ್ಕಿ ಬೆರೆಸುವುದು ಹಳೆಯ ಯುಕ್ತಿ. ಅವಲಕ್ಕಿ ನೀರು ಹೀರುತ್ತದೆ, ಹೂರಣವೂ ಹೆಚ್ಚಾಗುತ್ತದೆ.

ಪಟ್ಟಿಗೆ ಮಾತ್ರ ನಮ್ಮ ಹೊಲದ ಗೋಧಿ ಒಗ್ಗಲಿಲ್ಲ. ಜವೆ ಗೋಧಿ, ಸದಕ ಗೋಧಿ ಎರಡೂ ಮಾದಲಿಗೆ, ಸಜ್ಜಕಕ್ಕೆ, ಶಾವಿಗೆಗೆ ಹೇಳಿ ಮಾಡಿಸಿದ ಗಟ್ಟಿ ಕಾಳುಗಳು. ಹಾಳೆಯಂತೆ ಎಳೆದರೆ ಹರಿಯದೆ ಹಿಗ್ಗಬೇಕಾದರೆ ಮೈದಾ ಬೇಕು. ಉಕ್ಕಿನ ಉರುಳೆಯ ಗಿರಣಿಗಳ ಮೈದಾ ಹಳ್ಳಿಯ ಕಿರಾಣಿ ಅಂಗಡಿಗೆ ಬಂದ ಮೇಲೆಯೇ ಪಟ್ಟಿ ಬಡವರ ಮನೆಯ ಕೆಲಸವಾದದ್ದು. ಬೀಸುವ ಕಲ್ಲಿನ ಕಾಲದಲ್ಲಿ ಅಷ್ಟು ನಯವಾದ ಹಿಟ್ಟು ತೆಗೆಯಲು ಸುಲ್ತಾನನ ಮನೆಯಷ್ಟು ಆಳುಗಳು ಬೇಕಾಗುತ್ತಿತ್ತು.

ಇನ್ನು ನಮ್ಮ ಮನೆಯ ಕಥೆ.

1980ರ ದಶಕದ ಕೊನೆಯಲ್ಲಿ ರಮಜಾನ್ ಏಪ್ರಿಲ್, ಮೇ ತಿಂಗಳ ಉರಿಬಿಸಿಲಿನಲ್ಲಿ ಬರುತ್ತಿತ್ತು. ನವಲಗುಂದ ತಾಲೂಕಿನ ನಮ್ಮ ಹಳ್ಳಿಯಲ್ಲಿ ನಮ್ಮ ಅಮ್ಮಿ ಮತ್ತು ಓಣಿಯ ಇಬ್ಬರು ಹೆಂಗಸರು ಶಾಬಾನ್ ತಿಂಗಳು ಮುಗಿಯುವ ಹೊತ್ತಿಗೆ ಮೈದಾದ ಚೀಲ ತರಿಸುತ್ತಿದ್ದರು. ಸಹರಿ ಊಟ ಮುಗಿಸಿ, ಫಜರ್ ನಮಾಜು ಮಾಡಿ, ಬಿಸಿಲು ಏರುವ ಮೊದಲು ಕೆಲಸ ಶುರು. ಉಪ್ಪು, ತುಸು ಎಣ್ಣೆ ಹಾಕಿ ಗಟ್ಟಿಯಾಗಿ ನಾದಿ ಒದ್ದೆ ಅರಿವೆ ಮುಚ್ಚಿಡುವುದು. ನಿಂಬೆಹಣ್ಣಿನಷ್ಟು ಉಂಡೆ ಮಾಡಿ ಪೂರಿಯಷ್ಟು ಲಟ್ಟಿಸುವುದು. ಒಂದರ ಮೇಲೆ ಎಣ್ಣೆ ಸವರಿ, ಒಣ ಹಿಟ್ಟು ಉದುರಿಸಿ ಇನ್ನೊಂದನ್ನು ಇಡುವುದು, ಹೀಗೆ ನಾಲ್ಕು. ನಾಲ್ಕನ್ನೂ ಸೇರಿಸಿ ತೆಳ್ಳಗೆ ಲಟ್ಟಿಸಿ ಹಂಚಿನ ಮೇಲೆ ಹಾಕುವುದು. ಬಣ್ಣ ತಿರುಗಬಾರದು, ಹಸಿ ಮಾತ್ರ ಹೋಗಬೇಕು. ತೆಗೆದ ಕೂಡಲೇ, ಬೆರಳು ಸುಡುತ್ತಿದ್ದರೂ, ನಾಲ್ಕು ಪದರ ಬಿಡಿಸಬೇಕು, ಆರಿದರೆ ಬಿಡುವುದಿಲ್ಲ. ಅಂಚು ಕತ್ತರಿಸಿ ಪಟ್ಟಿ ಮಾಡಿ, ನೂರರ ಕಟ್ಟು ಕಟ್ಟಿ ಒದ್ದೆ ಅರಿವೆಯಲ್ಲಿ ಸುತ್ತಿಡುವುದು. ಕತ್ತರಿಸಿ ಉಳಿದ ಅಂಚುಗಳನ್ನು ಕರಿದು ಉಪ್ಪು ಖಾರ ಉದುರಿಸಿ, ರೋಜಾ ಇರದ ಚಿಕ್ಕ ಮಕ್ಕಳಿಗೆ ಕೊಡುತ್ತಿದ್ದರು.

ಹಾಗೆ ಮಾಡಿದ ಕಟ್ಟುಗಳನ್ನು ಮನೆ ಮನೆಗೆ ಮುಟ್ಟಿಸುವುದು ಮಕ್ಕಳ ಕೆಲಸ. ನಮಗೆ ಅದು ಬಹಳ ನಾಚಿಕೆಯ ಸಂಗತಿಯಾಗಿತ್ತು. ಜೊತೆಯಲ್ಲಿ ಓದುವವರ ಮನೆಗೇ ಬುಟ್ಟಿ ಹೊತ್ತು ಹೋಗಬೇಕು. ಮಾಸ್ತರರ ಮನೆಯ ಮುಂದೆ ಹಾಯುವಾಗ ಬುಟ್ಟಿಯನ್ನು ಬೆನ್ನ ಹಿಂದೆ ಹಿಡಿದು ಓಡುತ್ತಿದ್ದೆವು. ಒಮ್ಮೆ ಹೀಗೆ ಓಡಿ ಎಡವಿ ನೂರು ಪಟ್ಟಿ ಮಣ್ಣುಪಾಲಾದವು. ಅಮ್ಮಿ ಬೈಯಲಿಲ್ಲ. ಸಂಜೆ ರೋಜಾ ಬಿಟ್ಟ ಮೇಲೆ ಮತ್ತೆ ಹಿಟ್ಟು ನಾದಲು ಕುಳಿತಳು. ಬೈದಿದ್ದರೆ ಎಂದೋ ಮರೆತಿರುತ್ತಿದ್ದೆವು. ಆ ಪಟ್ಟಿಯ ದುಡ್ಡಿನಲ್ಲೇ ನಮ್ಮ ಪಾಟಿಪುಸ್ತಕ, ಈದಿನ ಅರಿವೆ ಬರುತ್ತಿದ್ದವು ಎಂಬುದು ನಮಗೆ ತಿಳಿದದ್ದು ಕಾಲೇಜು ಸೇರಿದ ಮೇಲೆ. ನಾಚಿಕೆ ಆಗ ದಿಕ್ಕು ಬದಲಿಸಿತು.

ಆ ಅಡುಗೆಮನೆಯಲ್ಲಿ ಎರಡು ಹಂಚುಗಳಿದ್ದವು. ಒಂದು ರೊಟ್ಟಿ, ಖೀಮಾ, ತತ್ತಿ ಎಲ್ಲಕ್ಕೂ. ಇನ್ನೊಂದನ್ನು ಗೋಡೆಯ ಮೊಳೆಗೆ ತೂಗುಹಾಕಿದ್ದರು. ಅದು ಪಟ್ಟಿಗೆ ಮಾತ್ರ. ಅದರ ಮೇಲೆ ಎಂದೂ ಮಾಂಸ ಬಿದ್ದಿರಲಿಲ್ಲ. ಎದುರು ಮನೆಯ ಲಿಂಗಾಯತ ಅವ್ವ ಒಂದು ವರ್ಷ, "ನಮ್ಮ ಹುಡುಗ್ರು ನಿಮ್ಮ ಸಮೋಸ ಬೇಕಂತ ಹಟ ಹಿಡದಾವು. ಬಟಾಟಿ ಹಾಕಿ ನಾನ ಮಾಡ್ತೀನಿ, ಪಟ್ಟಿ ಅಷ್ಟ ಕೊಡವಾ. ಆದ್ರ..." ಎಂದು ಮಾತು ನಿಲ್ಲಿಸಿದ್ದರಂತೆ. ಆ 'ಆದ್ರ'ದ ಮುಂದಿನದನ್ನು ಅಮ್ಮಿ ಅವರ ಬಾಯಿಂದ ಹೇಳಿಸಲಿಲ್ಲ. ಮರುದಿನ ಸಂತೆಯಿಂದ ಹೊಸ ಹಂಚು ತಂದಳು. ಪಟ್ಟಿ ಮಾಡುವಾಗ ಅವರನ್ನು ಕರೆದು ಕೂಡಿಸಿಕೊಂಡಳು. ಅವರೂ ಒಂದೆರಡು ಲಟ್ಟಿಸಿದರು. ಅಂದಿನಿಂದ ಪ್ರತಿ ವರ್ಷ ಒಂದು ಕಟ್ಟು ಎದುರು ಮನೆಗೆ ಹೋಗುತ್ತಿತ್ತು. ದೀಪಾವಳಿಗೆ ಕರ್ಚಿಕಾಯಿಯ ಡಬ್ಬಿ ಅಲ್ಲಿಂದ ಬರುತ್ತಿತ್ತು.

ಇದನ್ನು ನಾವು ದೊಡ್ಡ ಸೌಹಾರ್ದದ ಕಥೆ ಎಂದು ಹೇಳುತ್ತಿಲ್ಲ. ನಮ್ಮ ಮನೆಯ ಬೇಯಿಸಿದ ಅಡುಗೆಯನ್ನು ಅವರು ಎಂದೂ ಉಣ್ಣಲಿಲ್ಲ, ಅಮ್ಮಿಯೂ ಒತ್ತಾಯಿಸಲಿಲ್ಲ. ಗೆರೆ ಇತ್ತು. ಅದರ ಮೇಲೆ ಓಡಾಡಲು ಒಂದು ಹಂಚಿನಷ್ಟು ಜಾಗ ಮಾಡಿಕೊಂಡಿದ್ದರು, ಅಷ್ಟೇ. ಅದೇ ತಾಲೂಕಿನ ಯಮನೂರಿನ ರಾಜಾಬಾಗಸವಾರನ ಜಾತ್ರೆಗೆ ಎರಡೂ ಮನೆಯವರು ಒಂದೇ ಚಕ್ಕಡಿಯಲ್ಲಿ ಹೋಗಿ ಬಂದದ್ದೂ ಉಂಟು. 2022ರಲ್ಲಿ ರಾಜ್ಯದ ಜಾತ್ರೆಗಳಲ್ಲಿ ಮುಸ್ಲಿಮರು ಅಂಗಡಿ ಇಡಬಾರದೆಂಬ ಕೂಗು ಎದ್ದು, ಧಾರವಾಡದ ಹತ್ತಿರವೇ ನುಗ್ಗಿಕೇರಿಯಲ್ಲಿ ಕಲ್ಲಂಗಡಿ ಹಣ್ಣುಗಳನ್ನು ನೆಲಕ್ಕೆ ಅಪ್ಪಳಿಸಿದ ಸುದ್ದಿ ಬಂದಾಗ ನಮಗೆ ಮೊದಲು ನೆನಪಾದದ್ದು ಗೋಡೆಗೆ ತೂಗುಹಾಕಿದ ಆ ಹಂಚು. ಅಷ್ಟು ಸಣ್ಣ ಜಾಗ ಮಾಡಿಕೊಳ್ಳಲು ಎಷ್ಟು ವರ್ಷ ಬೇಕಾಗಿತ್ತು ಎಂದು.

ಸಿದ್ಧಪಟ್ಟಿ ನಮ್ಮ ಹಳ್ಳಿಗೆ ಎರಡು ಹಂತದಲ್ಲಿ ಬಂತು. ಮೊದಲು ಹುಬ್ಬಳ್ಳಿಯ ಪೇಟೆಯಿಂದ ತೂಕದ ಲೆಕ್ಕದಲ್ಲಿ, ಪತ್ರಿಕೆಯ ಹಾಳೆಯಲ್ಲಿ ಸುತ್ತಿ, ಬಸ್ಸಿನಲ್ಲಿ ಬಂತು. ಬೇಸಿಗೆಯ ರಮಜಾನಿನಲ್ಲಿ ಮನೆ ಮುಟ್ಟುವಷ್ಟರಲ್ಲಿ ಅದರ ಅಂಚು ಒಣಗಿ ಮುರಿಯುತ್ತಿತ್ತು. ಮಳೆಗಾಲದ ರಮಜಾನಿನಲ್ಲಿ ಎರಡು ದಿನಕ್ಕೆ ಬೂಸುರು. ಚಾಂದ್ರಮಾನದ ತಿಂಗಳು ಪ್ರತಿ ವರ್ಷ ಹತ್ತು ಹನ್ನೊಂದು ದಿನ ಹಿಂದೆ ಸರಿದು ಸುಮಾರು 33 ವರ್ಷಕ್ಕೊಮ್ಮೆ ಎಲ್ಲ ಋತುಗಳನ್ನೂ ಸುತ್ತಿ ಬರುತ್ತದೆಯಾದ್ದರಿಂದ, ಪಟ್ಟಿಯವರು ಎಲ್ಲ ಹವೆಗೂ ಹೊಂದಿಕೊಳ್ಳಬೇಕಿತ್ತು. ಎರಡನೆಯ ಹಂತ ಫ್ರಿಜ್ಜಿನದು. ಹಳ್ಳಿಗೆ ಕರೆಂಟು ನಿಲ್ಲದೆ ಸಿಗಲು ಶುರುವಾದ ಮೇಲೆಯೇ ಹಿಮಗಟ್ಟಿದ ಪಟ್ಟಿಯನ್ನು ಅಂಗಡಿಯವರು ಇಡಲು ಧೈರ್ಯ ಮಾಡಿದರು. ಸಸ್ಯಾಹಾರದ ಪೊಟ್ಟಣಗಳ ಮೇಲೆ ಹಸಿರು ಚುಕ್ಕೆ ಕಡ್ಡಾಯವಾಯಿತು. ಆ ಚುಕ್ಕೆ ನೋಡಿ ಯಾರು ಬೇಕಾದರೂ ಪಟ್ಟಿ ಕೊಳ್ಳಬಹುದು. ಅಮ್ಮಿಯ ಎರಡನೆಯ ಹಂಚಿನ ಕೆಲಸವನ್ನು ಈಗ ಒಂದು ಚುಕ್ಕೆ ಮಾಡುತ್ತಿದೆ. ನೆರೆಯವರನ್ನು ಕರೆದು ಕೂಡಿಸುವ ಅಗತ್ಯ ಇಲ್ಲ.

ಸಿದ್ಧಪಟ್ಟಿಯನ್ನು ಹಳಿಯಲು ಇದನ್ನು ಬರೆಯುತ್ತಿಲ್ಲ. ಅಮ್ಮಿಯ ಬಲಗೈ ಮಣಿಕಟ್ಟು ಐವತ್ತು ದಾಟುವಷ್ಟರಲ್ಲಿ ಲಟ್ಟಣಿಗೆ ಹಿಡಿಯಲಾರದಾಗಿತ್ತು. ಉಪವಾಸದ ಬಾಯಾರಿಕೆಯಲ್ಲಿ ಕಾದ ಹಂಚಿನ ಮುಂದೆ ಕೂಡುವುದು ಎಂಥದೆಂದು ತಿಂದವರಿಗೆ ಗೊತ್ತಾಗುವುದಿಲ್ಲ. ಶಾಲೆಯಲ್ಲಿ ಕಲಿಸಿ, ಬ್ಯಾಂಕಿನಲ್ಲಿ ದುಡಿದು ಸಂಜೆ ನಾಲ್ಕಕ್ಕೆ ಮನೆಗೆ ಬರುವ ಇಂದಿನ ಹೆಣ್ಣುಮಗಳು ಪೊಟ್ಟಣ ಬಿಚ್ಚಿದರೆ ಅದರಲ್ಲಿ ತಪ್ಪೇನು? ಕೆಟ್ಟದ್ದಾಗಿರುವುದು ಒಂದೇ. ಹಿಂದೆ ಪಟ್ಟಿಯ ದುಡ್ಡು ಓಣಿಯ ವಿಧವೆಗೆ, ಗಂಡ ಬಿಟ್ಟುಹೋದವಳಿಗೆ ಹೋಗುತ್ತಿತ್ತು. ಅದು ಈಗ ದೂರದ ಊರಿಗೆ ಹೋಗುತ್ತದೆ.

ಪೊಟ್ಟಣ ತಂದವರಿಗೆ ಅಮ್ಮಿಯಿಂದ ಕೇಳಿದ, ನಾವೇ ಕೈಸುಟ್ಟು ಕಲಿತ ನಾಲ್ಕು ಮಾತು ಹೇಳಿಬಿಡುತ್ತೇವೆ. ಹಿಮಗಟ್ಟಿದ ಪಟ್ಟಿಯನ್ನು ಪೊಟ್ಟಣ ಒಡೆಯದೆಯೇ ಹಿಂದಿನ ರಾತ್ರಿ ಫ್ರಿಜ್ಜಿನ ಕೆಳಗಿನ ಖಾನೆಗೆ ಇಳಿಸಿಡಬೇಕು. ಅವಸರಕ್ಕೆ ಬಿಸಿಲಿಗೆ ಇಟ್ಟರೆ ಮೇಲಿನದು ಅಂಟಾಗಿ ಒಳಗಿನದು ಕಲ್ಲಾಗಿರುತ್ತದೆ. ಒಮ್ಮೆ ಕರಗಿದ್ದನ್ನು ಮತ್ತೆ ಹಿಮಗಟ್ಟಿಸಬಾರದು. ಬಿಚ್ಚಿದ ಮೇಲೆ ಹಿಂಡಿದ ಒದ್ದೆ ಅರಿವೆ ಮುಚ್ಚಿ ಒಂದೊಂದೇ ಪಟ್ಟಿ ತೆಗೆಯಬೇಕು, ಗಾಳಿಗೆ ಬಿಟ್ಟರೆ ಮಡಚುವಲ್ಲಿ ಸೀಳುತ್ತದೆ. ಹೂರಣ ಪೂರ್ತಿ ಆರಿರಬೇಕು, ಒಣಗಿರಬೇಕು. ಬಿಸಿ ಹೂರಣದ ಹಬೆ ಪಟ್ಟಿಯನ್ನು ಮೆತ್ತಗೆ ಮಾಡುತ್ತದೆ. ಪಟ್ಟಿಯ ಒಂದು ತುದಿಯನ್ನು ಓರೆಯಾಗಿ ಮಡಚಿ ಪೊಟ್ಟಣ ಮಾಡಿ, ಮುಕ್ಕಾಲು ಭಾಗ ಮಾತ್ರ ತುಂಬಿ, ಉಳಿದದ್ದನ್ನು ಸುತ್ತಿ, ಕೊನೆಗೆ ಗಟ್ಟಿ ಮೈದಾ ಲೇಯಿ ಹಚ್ಚಿ ಒತ್ತಬೇಕು. ಮೂಲೆಯಲ್ಲಿ ಸೂಜಿಯಷ್ಟು ತೂತು ಇದ್ದರೂ ಎಣ್ಣೆ ಒಳಗೆ ಹೋಗುತ್ತದೆ. ಎಣ್ಣೆಯಲ್ಲಿ ಒಂದು ಚೂರು ಪಟ್ಟಿ ಹಾಕಿದರೆ ಅದು ನಿಧಾನಕ್ಕೆ ಮೇಲೆ ಬರಬೇಕು. ಸರ್ರನೆ ಎದ್ದು ಕೆಂಪಾದರೆ ಉರಿ ಹೆಚ್ಚಾಯಿತೆಂದೇ ಅರ್ಥ. ನಾಲ್ಕೈದಕ್ಕಿಂತ ಹೆಚ್ಚು ಒಟ್ಟಿಗೆ ಬಿಡಬೇಡಿ. ಉಳಿದರೆ ಕರಿಯದೆಯೇ ತಟ್ಟೆಯಲ್ಲಿ ಬಿಡಿಬಿಡಿಯಾಗಿ ಹಿಮಗಟ್ಟಿಸಿ ಆಮೇಲೆ ಡಬ್ಬಿಗೆ ಹಾಕಿಡಿ. ಬೇಕೆಂದಾಗ ಕರಗಿಸದೆ ನೇರ ಎಣ್ಣೆಗೆ ಬಿಡಬಹುದು, ಉರಿ ಮಾತ್ರ ಸಣ್ಣಗಿರಲಿ.

ಬಗ್ದಾದಿಯ ಪುಸ್ತಕದ ಕ್ರಮದಲ್ಲಿ ತೆಳ್ಳನೆಯ ರೊಟ್ಟಿ ಮೊದಲೇ ಸಿದ್ಧವಾಗಿರುತ್ತದೆ ಎಂದೆವಲ್ಲ. ಅಲ್ಲಿಯೂ ಯಾರೋ ಬೆಳಗಿನ ಜಾವ ಎದ್ದು ಆ ರೊಟ್ಟಿಯನ್ನು ಲಟ್ಟಿಸಿರಬೇಕು. ಅದನ್ನು ಮಾರಿ ಮಕ್ಕಳಿಗೆ ಏನಾದರೂ ತಂದಿರಲೂಬಹುದು. ಸಿದ್ಧಪಟ್ಟಿ ಎಂಬುದು 800 ವರ್ಷಗಳಿಂದ ಇದ್ದೇ ಇದೆ. ಸಿದ್ಧ ಮಾಡಿದವರನ್ನು ಕೇಳುವ ರೂಢಿ ನಮಗಿರಲಿಲ್ಲ.

ಅಮ್ಮಿ ತೀರಿಕೊಂಡು ಈಗ ಕೆಲವು ವರ್ಷಗಳಾದವು. ಕಳೆದ ರಮಜಾನಿನಲ್ಲಿ ನಾವು ಅಂಗಡಿಯ ಪಟ್ಟಿಯನ್ನೇ ತಂದೆವು. ಎದುರು ಮನೆಯ ಅವ್ವನ ಸೊಸೆಗೂ ಒಂದು ಪೊಟ್ಟಣ ಕೊಟ್ಟು ಬಂದೆವು. ಅವಳು ಹಸಿರು ಚುಕ್ಕೆ ನೋಡಲಿಲ್ಲ. "ಅತ್ತಿ ಹೇಳ್ತಿದ್ರು, ನಿಮ್ಮ ಮನ್ಯಾಗ ಇದಕ್ಕ ಬ್ಯಾರೆ ಹಂಚ ಇತ್ತಂತ" ಎಂದಳು. ಇತ್ತು ಎಂದೆವು. ಮನೆಗೆ ಬಂದು ಮೊಳೆಯಿಂದ ಆ ಹಂಚು ಇಳಿಸಿ, ತೊಳೆದು, ಒಡೆದ ಅಂಚಿನ ಒಣಗಿದ ಪಟ್ಟಿಗಳನ್ನು ಅದರ ಮೇಲೆ ತುಸು ಬೆಚ್ಚಗೆ ಮಾಡಿದೆವು. ಬೆಚ್ಚಗಾದರೆ ಪಟ್ಟಿ ಮತ್ತೆ ಬಾಗುತ್ತದೆ ಎಂದು ಅಮ್ಮಿ ಹೇಳುತ್ತಿದ್ದಳು. ಬಾಗಿತು.